ನಿಮ್ಮಂಥವರನ್ನ ಕನ್ನಡದಲ್ಲಿ ಏನಂತ ಕರೀಬೇಕು?

ನನ್ನನ್ನು ಹೆಸರು ಹಿಡಿದು ಕರೆಯಿರಿ. ನನ್ನ ಜೊತೆ ಬಾಳುತ್ತಿರುವವಳನ್ನು ನನ್ನ ಸಂಗಾತಿ ಅನ್ನಿ. ಉತ್ತರ ಇಷ್ಟೇ. ಅವಸರ ಇರುವವರು ಇಲ್ಲಿಗೇ ನಿಲ್ಲಿಸಬಹುದು.

ಇದನ್ನು ಬಾಯಲ್ಲಿ ಹೇಳಿ ಹೇಳಿ ಸಾಕಾಗಿದೆ, ಅದಕ್ಕೇ ಬರೆಯುತ್ತಿದ್ದೇನೆ. ನಾನು ದಾವಣಗೆರೆಯಲ್ಲಿ, ಮಂಡಿಪೇಟೆ ಹತ್ತಿರದ ಒಂದು ಪ್ರೆಸ್ಸಿನಲ್ಲಿ 14 ವರ್ಷದಿಂದ ಡಿಟಿಪಿ ಕೆಲಸ ಮಾಡುತ್ತಿದ್ದೇನೆ. ಲಗ್ನಪತ್ರಿಕೆ, ಬಿಲ್ ಬುಕ್ಕು, ಶ್ರದ್ಧಾಂಜಲಿ ಫ್ಲೆಕ್ಸು, ದುಗ್ಗಮ್ಮನ ಜಾತ್ರೆ ಬಂದರೆ ಪೋಸ್ಟರು. ಕನ್ನಡ ಟೈಪ್ ಮಾಡುವವಳು ಅಂದಮೇಲೆ ಕನ್ನಡ ಬಲ್ಲವಳೂ ಆಗಿರಬೇಕು ಅಂತ ಜನರ ಲೆಕ್ಕ. ಮದುಮಗಳ ಹೆಸರಿಗೆ ಮೊದಲು ಚಿ. ಸೌ. ಹಾಕಬೇಕೋ ಚಿ. ಕುಂ. ಸೌ. ಹಾಕಬೇಕೋ, ಆಗಮನಾಭಿಲಾಷಿಗಳು ಅನ್ನುವಲ್ಲಿ ದೀರ್ಘ ಎಲ್ಲೆಲ್ಲಿ ಬರುತ್ತದೆ, ತೀರಿಹೋದ ತಾತನಿಗೆ ಲಿಂಗೈಕ್ಯ ಅನ್ನಬೇಕೋ ದಿವಂಗತ ಅನ್ನಬೇಕೋ, ಎಲ್ಲಕ್ಕೂ ನನ್ನ ಟೇಬಲ್ಲಿಗೇ ಬರುತ್ತಾರೆ. ಖುಷಿಯಿಂದಲೇ ಹೇಳುತ್ತೇನೆ. ನಾನು ಒಬ್ಬ ಹೆಂಗಸಿನ ಜೊತೆ ಸಂಸಾರ ಮಾಡುತ್ತಿದ್ದೇನೆ ಅನ್ನುವುದು ನಾಲ್ಕು ಜನರಿಗೆ ತಿಳಿದ ಮೇಲೆ ಅದಕ್ಕೂ ಪದ ಕೇಳಲು ಶುರು ಮಾಡಿದರು.

ಕೇಳುವ ರೀತಿ ನೋಡಿ. ಮೊದಲು ‘ಬೇಜಾರು ಮಾಡ್ಕೋಬೇಡಿ ಅಕ್ಕ’ ಅನ್ನುತ್ತಾರೆ. ಆಮೇಲೆ ದನಿ ಇಳಿಯುತ್ತದೆ. ‘ನಿಮ್ಮಂಥವರನ್ನ...’, ‘ಆ ಥರದವರನ್ನ...’, ಕೆಲವರದು ಬರೀ ‘ಅದನ್ನ...’. ಮಧ್ಯಾಹ್ನ ಮಿರ್ಚಿ ಮಂಡಕ್ಕಿ ತಿನ್ನುತ್ತಾ ಜೊತೆ ಕೆಲಸದವರು ಕೇಳಿದ್ದಾರೆ. ಕೆಎಎಸ್ ಪರೀಕ್ಷೆಗೆ ಓದುತ್ತಿರುವ ದೊಡ್ಡಪ್ಪನ ಮೊಮ್ಮಗ ಪ್ರಬಂಧಕ್ಕೆ ಬೇಕು ಅಂತ ಕೇಳಿದ್ದಾನೆ. ಒಬ್ಬ ಮೇಡಂ ಕಾಲೇಜಿನ ಭಾಷಣಕ್ಕೆ ಅಂತ ಕೇಳಿದ್ದಾರೆ. ನಿಮ್ಮಂಥವರು ಅಂದರೆ ಯಾರು? ಡಿಟಿಪಿ ಮಾಡುವವರಾ? ನಲ್ಲಿ ನೀರು ಬಂದಿಲ್ಲ ಅಂತ ಬೆಳಿಗ್ಗೆ ಬೈಯುವವರಾ? ಗೊತ್ತಿಲ್ಲದೆ ಕೇಳಿದರೆ ತಪ್ಪೇನಿಲ್ಲ. ಆದರೆ ಮೊದಲು ನನ್ನನ್ನು ಆಚೆ ನಿಲ್ಲಿಸಿ, ಆಮೇಲೆ ಅಲ್ಲಿ ನಿಂತವಳಿಗೆ ಏನು ಹೆಸರಿಡೋಣ ಅಂತ ನನ್ನನ್ನೇ ಕೇಳಿದರೆ ಸಿಟ್ಟು ಬರುತ್ತದೆ.

ಸರಿ, ಪದಕ್ಕೇ ಬರೋಣ.

ಎಲ್ಲರಿಗೂ ಗೊತ್ತಿರುವುದು ಸಲಿಂಗಕಾಮಿ. ‘ಅದು ತಪ್ಪಾ?’ ಅನ್ನುತ್ತೀರಿ. ನಿಘಂಟು ನೋಡಿದರೆ ತಪ್ಪಿಲ್ಲ, ನನ್ನ ಕಿವಿಗೆ ಚುಚ್ಚುತ್ತದೆ. ಸ ಅಂದರೆ ಒಂದೇ ಬಗೆಯ. ಲಿಂಗ ಅನ್ನುವ ಪದಕ್ಕೆ ನಮ್ಮ ಕಡೆ ಎಷ್ಟು ಮನೆ ಇವೆ ಅಂದರೆ, ಕೊರಳಲ್ಲಿ ಕಟ್ಟಿಕೊಳ್ಳುವುದೂ ಲಿಂಗ, ಗುಡಿಯಲ್ಲಿ ಕೈ ಮುಗಿಯುವುದೂ ಲಿಂಗ, ವ್ಯಾಕರಣದ ಮೇಷ್ಟ್ರು ಕೇಳುವುದೂ ಲಿಂಗ, ಅರ್ಜಿ ಫಾರಂನಲ್ಲಿ ಗಂಡು ಹೆಣ್ಣು ಅಂತ ಟಿಕ್ ಹಾಕುವುದೂ ಲಿಂಗ. ಅದರ ಬಗ್ಗೆ ನನ್ನ ತಕರಾರಿಲ್ಲ. ತಕರಾರು ಇರುವುದು ಬಾಲದಲ್ಲಿರುವ ಕಾಮದ ಬಗ್ಗೆ. ಒಂದು ಕಾಲಕ್ಕೆ ಧರ್ಮ, ಅರ್ಥ, ಮೋಕ್ಷಗಳ ಸಾಲಿನಲ್ಲಿ ಮರ್ಯಾದೆಯಿಂದ ಕೂತಿದ್ದ ಪದ ಅದು. ಈಗ ಕಾಮುಕ, ಕಾಮಾಂಧ, ಕಾಮಪಿಶಾಚಿ. ಪೇಪರಿನ ಕ್ರೈಂ ಪುಟ ಬಿಟ್ಟರೆ ಜಾಸ್ತಿ ಕಡೆ ಕಾಣುವುದಿಲ್ಲ. ಹೋಳಿ ಹಬ್ಬಕ್ಕೆ ಕಾಮಣ್ಣನನ್ನು ಕೂರಿಸಿದರೂ ಕೊನೆಗೆ ಸುಡುವುದಕ್ಕೇ ಅಲ್ವಾ?

ಇಷ್ಟು ವರ್ಷದಲ್ಲಿ ಸಾವಿರಾರು ಲಗ್ನಪತ್ರಿಕೆ ಕಂಪೋಸ್ ಮಾಡಿದ್ದೇನೆ. ಒಂದರಲ್ಲೂ ವಧೂವರರನ್ನು ಭಿನ್ನಲಿಂಗಕಾಮಿಗಳು ಅಂತ ಬರೆದಿಲ್ಲ. ಆ ಪದವೂ ಇದೆ, ಪುಸ್ತಕದೊಳಗೆ ಇದೆ. ಯಾರನ್ನೂ ಹಾಗೆ ಕರೆಯುವುದಿಲ್ಲ, ಅಷ್ಟೇ. ನಿಮ್ಮ ಅಣ್ಣ ಬೆಣ್ಣೆ ದೋಸೆ ಹೋಟೆಲಿನಲ್ಲಿ ಅತ್ತಿಗೆಯನ್ನು ನೋಡಿ ಮೆಚ್ಚಿದರೆ ಅದು ಲವ್ ಸ್ಟೋರಿ, ನೆಂಟರೆಲ್ಲ 20 ವರ್ಷ ಅದನ್ನೇ ಹೇಳಿಕೊಂಡು ನಗುತ್ತಾರೆ. ನಾನು ಅವಳನ್ನು ಮೆಚ್ಚಿದರೆ ಮಾತ್ರ ಅದಕ್ಕೆ ಕಾಮ ಅಂತ ಹೆಸರು. 12 ವರ್ಷ ಆಯಿತು ನಾವು ಒಟ್ಟಿಗೆ ಇದ್ದು. ಮನೆಯಲ್ಲಿ ಜಾಸ್ತಿ ಮಾತು ನಡೆದಿರುವುದು ಗ್ಯಾಸ್ ಸಿಲಿಂಡರ್ ಬಗ್ಗೆ, ಬಾಡಿಗೆ ಬಗ್ಗೆ, ಅವಳ ಹೊಲಿಗೆ ಮಿಷನ್ನಿನ ಬೆಲ್ಟ್ ಬಗ್ಗೆ, ಬ್ಲೌಸ್ ಹೊಲಿಸಿಕೊಂಡು ದುಡ್ಡು ಕೊಡದ ಗಿರಾಕಿಗಳ ಬಗ್ಗೆ. ನಮ್ಮ ಬಾಳಿನ ಮುಕ್ಕಾಲು ಪಾಲು ಆ ಪದದೊಳಗೆ ಹಿಡಿಸುವುದೇ ಇಲ್ಲ.

ಈ ಪದ ಇಲ್ಲಿ ಹುಟ್ಟಿದ್ದಲ್ಲ, ಅನುವಾದವಾಗಿ ಬಂದದ್ದು. ಅದರ ಮೂಲದ ಕತೆ ನನಗೆ ಬಹಳ ಇಷ್ಟ. ಹೋಮೋಸೆಕ್ಷುಯಲ್ ಅನ್ನುವ ಪದ ಕಟ್ಟಿದವನು ಕಾರ್ಲ್ ಮಾರಿಯಾ ಕೆರ್ಟ್‌ಬೆನಿ ಅನ್ನುವ ಬರಹಗಾರ. 1868ರಲ್ಲಿ ಒಂದು ಕಾಗದದಲ್ಲಿ ಬರೆದ, 1869ರಲ್ಲಿ ತನ್ನ ಹೆಸರು ಹಾಕದೆ ಅಚ್ಚು ಮಾಡಿಸಿದ ಕರಪತ್ರದಲ್ಲಿ ಬಳಸಿದ. ಆಗ ಪ್ರಷ್ಯಾದಲ್ಲಿ, ಅಂದರೆ ಈಗಿನ ಜರ್ಮನಿಯ ಕಡೆ, ಗಂಡಸು ಗಂಡಸು ಕೂಡಿದರೆ ಜೈಲು. ಆ ಕಾನೂನು ತೆಗೆಯಿರಿ ಅಂತ ವಾದ ಮಾಡಲು ಅವನಿಗೆ ಬೈಗುಳ ಅಲ್ಲದ ಒಂದು ಪದ ಬೇಕಿತ್ತು. ಗ್ರೀಕಿನಿಂದ ಹೋಮೋ ತಂದ, ಅಂದರೆ ಒಂದೇ ತೆರನಾದ. ಲ್ಯಾಟಿನ್ನಿನಿಂದ ಸೆಕ್ಸುಸ್ ತಂದ, ಅಂದರೆ ಗಂಡು ಹೆಣ್ಣೆಂಬ ಭೇದ. ಎರಡು ಬಟ್ಟೆ ತುಂಡು ಸೇರಿಸಿ ಹೊಲಿದ. ಹೆಟೆರೋಸೆಕ್ಷುಯಲ್, ಅಂದರೆ ಭಿನ್ನಲಿಂಗಕಾಮಿ, ಅನ್ನುವುದನ್ನೂ ಅದೇ ಕಾಗದದಲ್ಲಿ ಬರೆದ. ದಿನಾ ಕರಪತ್ರ ಕಂಪೋಸ್ ಮಾಡುವ ನನಗೆ ಇದನ್ನು ಓದಿದಾಗ ಕಣ್ಣು ತುಂಬಿತ್ತು. ಆಮೇಲೆ ವೈದ್ಯರು ಅದನ್ನು ಎತ್ತಿಕೊಂಡು ಕಾಯಿಲೆಯ ಹೆಸರು ಮಾಡಿದರು. ಅಮೆರಿಕದ ಮನೋವೈದ್ಯರ ಸಂಘ ಕಾಯಿಲೆಗಳ ಪಟ್ಟಿಯಿಂದ ಅದನ್ನು ತೆಗೆದದ್ದು 1973ರಲ್ಲಿ. ವಿಶ್ವ ಆರೋಗ್ಯ ಸಂಸ್ಥೆ ತೆಗೆದದ್ದು 1990ರ ಮೇ 17ಕ್ಕೆ. ಜನರನ್ನು ಜೈಲಿನಿಂದ ಬಿಡಿಸಲು ಕಟ್ಟಿದ ಪದ ಅಷ್ಟು ವರ್ಷ ಆಸ್ಪತ್ರೆಯಲ್ಲಿ ಕಳೆಯಿತು. ಕನ್ನಡಕ್ಕೆ ಬಂದಾಗ ಅದಕ್ಕೆ ಕಾಮ ಅಂಟಿತು.

ನಮ್ಮ ದೇಶದ ದಂಡ ಸಂಹಿತೆಯಲ್ಲಿ ಇಂಥ ಸಂಬಂಧವನ್ನು ಅಪರಾಧ ಅಂದಿದ್ದ 377ನೇ ಕಲಮಿನಲ್ಲಿ ಈ ಪದವೇ ಇರಲಿಲ್ಲ. 1860ರಲ್ಲಿ ಬ್ರಿಟಿಷರು ಅದನ್ನು ಪ್ರಕೃತಿಯ ಕ್ರಮಕ್ಕೆ ವಿರುದ್ಧವಾದ ಸಂಭೋಗ ಅಂತ ಬರೆದಿಟ್ಟಿದ್ದರು. 2009ರಲ್ಲಿ ದೆಹಲಿ ಹೈಕೋರ್ಟ್ ಅದನ್ನು ಸಡಿಲಿಸಿತು, 2013ರಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಬಿಗಿ ಮಾಡಿತು. 2018ರ ಸೆಪ್ಟೆಂಬರ್ 6ರಂದು ಅದೇ ಕೋರ್ಟಿನ ಐವರು ನ್ಯಾಯಮೂರ್ತಿಗಳು, ಇಬ್ಬರು ವಯಸ್ಕರು ಒಪ್ಪಿ ಕೂಡಿದರೆ ಅದು ಅಪರಾಧ ಅಲ್ಲ ಅಂದರು. ಅವತ್ತು ಸಂಜೆ ಅವಳು ಅರ್ಧ ಕಿಲೋ ಜಾಮೂನು ತಂದಳು. ಕೆಳಗಿನ ಮನೆಯ ಓನರ್ ಆಂಟಿಗೂ ಒಂದು ಬಟ್ಟಲು ಕೊಟ್ಟೆವು. ‘ಏನ್ ವಿಶೇಷ?’ ಅಂದರು. ‘ಸುಮ್ನೆ ಆಂಟಿ’ ಅಂದೆವು. ಅಂಥ ದಿನ ಕೂಡ ಬಾಯಿಗೆ ಬಂದ ಪದ ಸುಮ್ನೆ.

ಈಗ ಕೆಲವು ಪತ್ರಿಕೆಯವರು ಸಲಿಂಗಿ, ಸಲಿಂಗ ಪ್ರೇಮಿ ಅಂತ ಬರೆಯುತ್ತಾರೆ. ಪರವಾಗಿಲ್ಲ. ಕಾಮ ಬಿಟ್ಟುಹೋಯಿತು, ಅಷ್ಟರಮಟ್ಟಿಗೆ ಉಸಿರಾಡಬಹುದು. ಪ್ರಬಂಧ ಬರೆಯುವವರು ಇದನ್ನೇ ಬಳಸಿ.

ಲೆಸ್ಬಿಯನ್ ಅಂದರೂ ನಾನು ತಿರುಗಿ ನೋಡುತ್ತೇನೆ. ಗ್ರೀಸಿನಲ್ಲಿ ಲೆಸ್ಬೋಸ್ ಅಂತ ಒಂದು ದ್ವೀಪ. ಸುಮಾರು 2600 ವರ್ಷದ ಹಿಂದೆ ಅಲ್ಲಿ ಸ್ಯಾಫೋ ಅನ್ನುವ ಕವಿ ಇದ್ದಳು, ಹೆಣ್ಣುಗಳ ಮೇಲಿನ ಒಲವನ್ನು ಹಾಡು ಕಟ್ಟಿದಳು. ಪದ ಅಲ್ಲಿಂದ ಬಂತು. 2008ರಲ್ಲಿ ಆ ದ್ವೀಪದ ಮೂವರು ಕೋರ್ಟಿಗೆ ಹೋದರು. ಲೆಸ್ಬಿಯನ್ ಅಂದರೆ ನಮ್ಮ ಊರಿನವರು ಅಂತ ಅರ್ಥ, ಬೇರೆಯವರು ಅದನ್ನು ಬಳಸಬಾರದು ಅನ್ನುವುದು ಅವರ ದೂರು. ಅಥೆನ್ಸಿನ ಕೋರ್ಟು ದೂರನ್ನು ವಜಾ ಮಾಡಿತು. ನನಗೆ ಆ ಮೂವರ ಸಂಕಟ ಅರ್ಥವಾಗುತ್ತದೆ. ಬೇರೆ ಊರಿಗೆ ಹೋಗಿ ದಾವಣಗೆರೆ ಅಂದರೆ ಸಾಕು, ಎದುರಿನವರು ದೋಸೆ ಅಂತಾರೆ. ನಮ್ಮೂರ ಹೆಸರು ದೋಸೆಗೆ ಅಂಟಿದ ಹಾಗೆ ಅವರೂರ ಹೆಸರು ನನಗೆ ಅಂಟಿದೆ. ಗಂಡಸರಿಗೆ ಬಳಸುವ ಗೇ ಅನ್ನುವುದಕ್ಕೆ ಇಂಗ್ಲಿಷಿನಲ್ಲಿ ಮೊದಲಿದ್ದ ಅರ್ಥ ಖುಷಿಯಾಗಿರುವ ಅಂತ. ಒಳ್ಳೆಯ ಪದ, ಉಚ್ಚರಿಸಲೂ ಸುಲಭ, ಬಳಸಿ.

ಇಷ್ಟು ಹೇಳಿದ ಮೇಲೂ ಒಬ್ಬರು ಕೇಳಿಯೇ ಕೇಳುತ್ತಾರೆ: ‘ಹಂಗಾದ್ರೆ ನೀವು ಮಂಗಳಮುಖಿನಾ?’ ಅಲ್ಲ. ನಾನು ಯಾರು ಅನ್ನುವುದು ಒಂದು, ನನಗೆ ಯಾರ ಮೇಲೆ ಮನಸ್ಸು ಅನ್ನುವುದು ಇನ್ನೊಂದು. ಹುಟ್ಟಿದಾಗ ಗಂಡು ಅಂತ ಬರೆಸಿದ್ದರೂ ತಾನು ಹೆಣ್ಣು ಅಂತ ಒಳಗಿನಿಂದ ಬಲ್ಲವರು ಮೊದಲನೆಯದರ ಮಾತಾಡುತ್ತಿದ್ದಾರೆ. ಮಂಜಮ್ಮ ಜೋಗತಿ ಅವರಿಗೆ 2021ರಲ್ಲಿ ಪದ್ಮಶ್ರೀ ಬಂದಾಗ ಪ್ರೆಸ್ಸಿನಲ್ಲಿ ಫೋಟೋ ತೋರಿಸಿ ‘ಇವರ ಥರಾನಾ?’ ಅಂದರು. ಅವರು ಎಲ್ಲಮ್ಮನಿಗೆ ಮುತ್ತು ಕಟ್ಟಿಸಿಕೊಂಡು ಹೆಣ್ಣಾಗಿ ಬಾಳಿದವರು, ಕಲೆಯಲ್ಲಿ ಹೆಸರು ಮಾಡಿದವರು. ಅವರ ಬಗ್ಗೆ ನನಗೆ ತುಂಬಾ ಗೌರವ. ಅವರ ದಾರಿ ಅವರದು, ನನ್ನದು ಬೇರೆ. ಹೆಣ್ತನ ಇರುವ ಕೆಲವು ಗಂಡಸರು ತಮ್ಮತಮ್ಮಲ್ಲಿ ಕೋತಿ ಅಂದುಕೊಳ್ಳುತ್ತಾರೆ, ತಾವು ಮೆಚ್ಚುವ ಗಂಡಸನ್ನು ಪಂತಿ ಅನ್ನುತ್ತಾರೆ. ಮಂಗಕ್ಕೂ ಅದಕ್ಕೂ ಸಂಬಂಧ ಇಲ್ಲ. ಅದು ಅವರ ಮನೆಯೊಳಗಿನ ಮಾತು. ಹೊರಗಿನವರು ಎತ್ತಿಕೊಂಡು ಆಡಬಾರದು.

ಬೈಗುಳಗಳ ವಿಷಯಕ್ಕೆ ಬಂದರೆ ನಮ್ಮ ಭಾಷೆಗೆ ಬರವಿಲ್ಲ. ಚಿತ್ರದುರ್ಗದ ಕೋಟೆಗೆ ಹೋದಾಗ ಓಬವ್ವನ ಕಿಂಡಿ ಮುಂದೆ ನಿಂತು ಎಲ್ಲರೂ ಗಂಡೆದೆಯ ಹೆಣ್ಣು ಅಂತ ಹೊಗಳುತ್ತಾರೆ. ಕೋಟೆ ಇಳಿದು ಬಂದಮೇಲೆ ಪ್ಯಾಂಟು ಹಾಕಿ ಬೈಕು ಓಡಿಸುವ ಹುಡುಗಿಗೆ ಗಂಡುಬೀರಿ ಅನ್ನುತ್ತಾರೆ. ಅದೇ ರೀತಿ ಹೆಂಗರುಳು ಅಂದರೆ ಮರುಗುವ ಗುಣ, ಗಂಡಸಿಗೆ ಅದು ಇದ್ದರೆ ಮೆಚ್ಚುತ್ತಾರೆ. ಆ ಕರುಳಿನ ಜೊತೆ ನಡಿಗೆಯೂ ಸ್ವಲ್ಪ ಮೃದುವಾಗಿದ್ದರೆ ಹೆಣ್ಣಿಗ. ನನ್ನ ಜೊತೆ ಹೈಸ್ಕೂಲಿನಲ್ಲಿ ಒಬ್ಬ ಹುಡುಗ ಇದ್ದ. ಅವನಿಗೆ ಒಂಬತ್ತು ಅಂತ ಹೆಸರಿಟ್ಟಿದ್ದರು. ಅವನ ಹಾಜರಿ ನಂಬರ್ 31. ಆದರೆ ಮೇಷ್ಟ್ರು 9 ಅಂತ ಕೂಗಿ ಬೇರೆ ಯಾರೋ ‘ಎಸ್ ಸಾರ್’ ಅಂದಾಗಲೆಲ್ಲ ಇಡೀ ಕ್ಲಾಸು ಇವನ ಕಡೆ ತಿರುಗಿ ನಗುತ್ತಿತ್ತು. ಅವನು ಹತ್ತನೇ ಕ್ಲಾಸು ಮುಗಿಸಲಿಲ್ಲ, ಊರು ಬಿಟ್ಟ. ನಾನೂ ನಕ್ಕಿದ್ದೆ. ಬೇರೆಯವರಿಗಿಂತ ಜೋರಾಗಿ ನಕ್ಕಿದ್ದೆ, ಯಾಕೆಂದರೆ ಯಾರೂ ನನ್ನ ಕಡೆ ನೋಡಬಾರದಿತ್ತು. ಪದ ಕೇಳುವವರಿಗೆಲ್ಲ ನಾನು ಯಾಕೆ ಇಷ್ಟು ಉದ್ದ ಉತ್ತರ ಕೊಡುತ್ತೇನೆ ಅಂದರೆ ಇದಕ್ಕೇ.

ಹೆಂಗಸರ ವಿಷಯ ಇನ್ನೊಂದು ಥರ. ನಮ್ಮಂಥ ಜೋಡಿಗೆ ಊರಲ್ಲಿ ಬೈಗುಳ ಕೂಡ ಇರಲಿಲ್ಲ. ಇಬ್ಬರು ಹೆಂಗಸರು ಒಂದೇ ಮನೆಯಲ್ಲಿದ್ದರೆ ಗೆಳತಿಯರು, ಅಕ್ಕತಂಗಿ, ಖರ್ಚು ಹಂಚಿಕೊಳ್ಳುವವರು. ಓನರ್ ಆಂಟಿ ‘ಹೆಣ್ಮಕ್ಕಳಾದ್ರೆ ಮನೆ ಚೊಕ್ಕಟ ಇಟ್ಕೊಳ್ತಾರೆ’ ಅಂತ ಖುಷಿಯಿಂದ ಬಾಡಿಗೆಗೆ ಕೊಟ್ಟರು. ಪದ ಇಲ್ಲದ್ದು ನಮಗೆ ಬಹಳ ವರ್ಷ ಕೊಡೆಯ ಹಾಗೆ ಇತ್ತು. ಅದರ ಕೆಳಗೆ ನೆನೆಯದೆ ನಡೆದೆವು. ಅದು ಸಾಲಲಿಲ್ಲ.

ಕಳೆದ ವರ್ಷ ಮಳೆಗಾಲದಲ್ಲಿ ಒಂದು ರಾತ್ರಿ ಅವಳಿಗೆ ಹೊಟ್ಟೆನೋವು ಶುರುವಾಯಿತು. ಗ್ಯಾಸ್ಟ್ರಿಕ್ ಅಂದುಕೊಂಡು ಓಮದ ನೀರು ಕುಡಿಸಿದೆ. ಹನ್ನೊಂದರ ಹೊತ್ತಿಗೆ ನೆಟ್ಟಗೆ ನಿಲ್ಲಲು ಆಗಲಿಲ್ಲ. ಆಟೋದಲ್ಲಿ ಒಂದು ಖಾಸಗಿ ಆಸ್ಪತ್ರೆಗೆ ಕರೆದುಕೊಂಡು ಹೋದೆ. ಅಪೆಂಡಿಕ್ಸ್, ಬೆಳಗಿನೊಳಗೆ ಆಪರೇಷನ್ ಆಗಬೇಕು ಅಂದರು. ಕೌಂಟರಿನಲ್ಲಿದ್ದ ಹುಡುಗ ಫಾರಂ ತೆಗೆದು ಕೇಳಿದ: ‘ನೀವು ಪೇಷೆಂಟಿಗೆ ಏನಾಗಬೇಕು?’

ಪದಗಳ ಬಗ್ಗೆ ಇಷ್ಟು ಮಾತಾಡುವ ನಾನು ‘ಅಕ್ಕ’ ಅಂದೆ. ಆಧಾರ್ ಕೇಳಿದ. ‘ತಂದೆ ಹೆಸರು ಬೇರೆ ಇದೆಯಲ್ಲ ಮೇಡಂ.’ ‘ದೊಡ್ಡಪ್ಪನ ಮಗಳು’ ಅಂದೆ. ‘ಊರೂ ಬೇರೆ, ಇನಿಷಿಯಲ್ಲೂ ಬೇರೆ. ಸ್ವಂತದವರು ಯಾರಾದ್ರೂ ಬಂದು ಸೈನ್ ಹಾಕ್ಬೇಕು ಮೇಡಂ.’ ಹುಡುಗ ಒರಟಾಗಿ ಮಾತಾಡಲಿಲ್ಲ. ಅವನ ಕೈಯಲ್ಲಿದ್ದ ಫಾರಂನಲ್ಲಿ ನನಗೆ ಜಾಗ ಇರಲಿಲ್ಲ, ಅಷ್ಟೇ. 2023ರ ಅಕ್ಟೋಬರ್ 17ರಂದು ಸುಪ್ರೀಂ ಕೋರ್ಟ್ ನಮ್ಮಂಥ ಜೋಡಿಗಳ ಮದುವೆಗೆ ಕಾನೂನಿನ ಮಾನ್ಯತೆ ಕೊಡಲು ಒಪ್ಪಲಿಲ್ಲ. 2024ರ ಆಗಸ್ಟಿನಲ್ಲಿ ಕೇಂದ್ರ ಸರ್ಕಾರ, ಇಂಥವರು ಬ್ಯಾಂಕಿನಲ್ಲಿ ಜಂಟಿ ಖಾತೆ ತೆರೆಯಲು, ಒಬ್ಬರನ್ನೊಬ್ಬರು ನಾಮಿನಿ ಮಾಡಲು ತಡೆ ಇಲ್ಲ ಅಂತ ತಿಳಿಸಿತು. ಹಾಗಾಗಿ ಬ್ಯಾಂಕಿನಲ್ಲಿ ನಾನು ಅವಳ ನಾಮಿನಿ. ಅವಳು ಸತ್ತರೆ ದುಡ್ಡು ತೆಗೆಯಬಹುದು. ಬದುಕಿಸಲು ಸೈನ್ ಹಾಕುವ ಹಾಗಿರಲಿಲ್ಲ.

ಹಿರಿಯೂರಿನಲ್ಲಿರುವ ಅವಳ ತಮ್ಮನಿಗೆ ಫೋನ್ ಮಾಡಿದೆ. ಪಾಪ, ಅರ್ಧ ನಿದ್ದೆಯಲ್ಲಿ ಎದ್ದು ಗೆಳೆಯನ ಕಾರು ತೆಗೆದುಕೊಂಡು ಮಳೆಯಲ್ಲೇ ಹೊರಟ. ಬರುವಷ್ಟರಲ್ಲಿ ಎರಡು ಗಂಟೆ ದಾಟಿತ್ತು. ಬಂದವನು ಸೈನ್ ಹಾಕಿದ. ನರ್ಸ್ ಅವನನ್ನೇ ಕೇಳಿದರು, ‘ಯಾವ ಮಾತ್ರೆಯಾದ್ರೂ ಆಗಲ್ವಾ ಇವರಿಗೆ?’ ಅವನು ನನ್ನ ಕಡೆ ತಿರುಗಿ ‘ಅಕ್ಕಾ, ಯಾವ್ದು ಆಗಲ್ಲ ಅವಳಿಗೆ?’ ಅಂದ. ಪೆನಿಸಿಲಿನ್ ಆಗುವುದಿಲ್ಲ. 6 ವರ್ಷದ ಹಿಂದೆ ಮೈಯೆಲ್ಲ ದದ್ದು ಎದ್ದಾಗ ರಾತ್ರಿಯಿಡೀ ಕೂತಿದ್ದವಳು ನಾನು. ಹೇಳಿದೆ. ನರ್ಸ್ ಬರೆದುಕೊಂಡರು. ಫಾರಂನಲ್ಲಿ ಅವನ ಹೆಸರು ಇತ್ತು, ಅದರ ಕೆಳಗೆ ನನ್ನ ಮಾತು ಇತ್ತು.

ಏನಾಗಬೇಕು ಅನ್ನುವ ಪ್ರಶ್ನೆ ಎಷ್ಟು ಚೆಂದ ಅಂತ ನನಗೆ ಅವತ್ತೇ ಹೊಳೆದದ್ದು. ಮದುವೆ ಮನೆಯಲ್ಲಿ, ಬಸ್ಸಿನಲ್ಲಿ, ಸಾವಿನ ಮನೆಯಲ್ಲಿ ನಾವು ದಿನಾ ಕೇಳುತ್ತೇವೆ. ಅವರು ನಿಮಗೆ ಏನಾಗಬೇಕು? ಅತ್ತೆ ಆಗಬೇಕು, ಭಾವ ಆಗಬೇಕು, ನಾದಿನಿ ಆಗಬೇಕು. ಇಲ್ಲಿ ಯಾರೂ ಒಬ್ಬರೇ ನಿಂತಿರುವುದಿಲ್ಲ. ನೀನು ಏನು ಅನ್ನುವ ಪ್ರಶ್ನೆಗೆ ನನ್ನ ಮೈ ತೋರಿಸಬೇಕಾಗುತ್ತದೆ. ಅವಳು ನಿನಗೆ ಏನಾಗಬೇಕು ಅಂದರೆ ಅವಳ ಬಗ್ಗೆ ಮಾತಾಡಬಹುದು. ಕನ್ನಡದಲ್ಲಿ ಒಲವು ಅಂತ ಒಂದು ಪದ ಇದೆ, ಪ್ರೀತಿಗೂ ಅದೇ, ಮನಸ್ಸು ಒಂದು ಕಡೆ ವಾಲುವುದಕ್ಕೂ ಅದೇ. ಹೆಣ್ಣಿನ ಕಡೆ ನನ್ನ ಒಲವು ಅಂದರೆ ಎರಡೂ ಬಂದುಬಿಡುತ್ತವೆ. ಎಷ್ಟು ಹುಡುಕಿದರೂ ಇದಕ್ಕಿಂತ ಸರಿಯಾದ್ದು ನನಗೆ ಸಿಕ್ಕಿಲ್ಲ. ಆದರೆ ಅದು ಫಾರಂನಲ್ಲಿ ತುಂಬುವ ಪದ ಅಲ್ಲ. ಸಂಗಾತಿ ಅಂದರೆ ತುಂಬಬಹುದು. ಗಂಡೂ ಆಗಬಹುದು, ಹೆಣ್ಣೂ ಆಗಬಹುದು, ಎಲ್ಲರಿಗೂ ಅರ್ಥವಾಗುತ್ತದೆ. ಆಸ್ಪತ್ರೆ ನಡೆಸುವವರು ಯಾರಾದರೂ ಓದುತ್ತಿದ್ದರೆ ಕೇಳಿಕೊಳ್ಳುತ್ತೇನೆ, ಸಂಬಂಧ ಅನ್ನುವ ಕಡೆ ಆ ಪದಕ್ಕೂ ಜಾಗ ಮಾಡಿ. ಫಾರಂ ನಾನೇ ಕಂಪೋಸ್ ಮಾಡಿ ಕೊಡುತ್ತೇನೆ.

ತಮ್ಮ ಬರುವವರೆಗೆ ನಾನು ವಾರ್ಡಿನ ಹೊರಗೆ ಬೆಂಚಿನ ಮೇಲೆ ಕೂತಿದ್ದೆ. ಪಕ್ಕದಲ್ಲಿ ಜಗಳೂರು ಕಡೆಯ ಒಬ್ಬ ಅಮ್ಮ ಚಾಪೆ ಹಾಸಿಕೊಂಡು ಕೂತಿದ್ದರು, ಅವರ ಯಜಮಾನರಿಗೆ ಕಾಲಿನ ಆಪರೇಷನ್. ನನ್ನ ಕೈಗೆ ಎರಡು ಬಿಸ್ಕೆಟ್ ಇಟ್ಟು ಅವರೂ ಅದನ್ನೇ ಕೇಳಿದರು. ‘ಒಳಗಿರೋರು ನಿಂಗೇನಾಗ್ಬೇಕವ್ವಾ?’

ಅಕ್ಕ ಅನ್ನಲು ಮತ್ತೆ ಬಾಯಿ ಬರಲಿಲ್ಲ. ‘ನಾವಿಬ್ರೂ ಒಟ್ಟಿಗೆ ಬಾಳ್ತೀವಿ ಅಮ್ಮಾ’ ಅಂದೆ.

‘ಎಷ್ಟು ವರ್ಷ ಆತು?’

‘ಹನ್ನೊಂದು.’

ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಪೂರ್ತಿ ಅರ್ಥವಾಯಿತೋ ಇಲ್ಲವೋ, ನಾನು ಕೇಳಲಿಲ್ಲ. ಆಮೇಲೆ ಒಳಗೆ ಮಲಗಿದ್ದ ತಮ್ಮ ಯಜಮಾನರ ಕಡೆ ಕೈ ತೋರಿಸಿ, ‘ಇವ್ರು ಜಗಳ ಆದ್ರೆ ಎಂಟು ದಿನ ಮಾತಾಡ್ಸಲ್ಲ ನೋಡು. ನಿಮ್ಮಲ್ಲಿ ಯಾರು ಮೊದ್ಲು ಮಾತಾಡ್ಸೋದು?’ ಅಂದರು.

ಇಷ್ಟು ವರ್ಷದಲ್ಲಿ ನಮ್ಮಿಬ್ಬರ ಬಗ್ಗೆ ಇದನ್ನು ಕೇಳಿದವರು ಅವರೊಬ್ಬರೇ. ‘ಅವಳೇ ಅಮ್ಮಾ’ ಅಂದೆ. ‘ಯಾವಾಗ್ಲೂ ಅವಳೇ. ಟೀ ತಂದಿಟ್ಟು, ಆರೋಗುತ್ತೆ ಕುಡಿ ಅಂತಾಳೆ.’